ಸಮಸ್ಯೆ ಯಾರ ಟೇಬಲ್ ಮೇಲಿದೆ? ಸರಿಯಾದ ಸರ್ಕಾರಿ ನಂಬರ್ ಹುಡುಕುವ ಬಗೆ



2024ರ ಡಿಸೆಂಬರ್ ಮೊದಲ ವಾರ ನಿಮಗೆ ನೆನಪಿರಬಹುದು. ಫೆಂಗಲ್ ಚಂಡಮಾರುತ ಪುದುಚೇರಿ ಹತ್ತಿರ ದಡ ಮುಟ್ಟಿ, ನಮ್ಮ ಹಳೇ ಮೈಸೂರು ಕಡೆ ಬಿಡದೆ ಜಡಿಮಳೆ ಹಿಡಿಯಿತು. ರಾಗಿ ಕೊಯ್ಲಿನ ಕಾಲ. ಪಕ್ಕದ ಊರಿನ ಹುಡುಗನೊಬ್ಬ, ಡಿಪ್ಲೊಮಾ ಮುಗಿಸಿ ಊರಿಗೆ ಬಂದು ಬೇಸಾಯ ಹಿಡಿದವನು, ಎರಡೂವರೆ ಎಕರೆ ರಾಗಿ ಕೊಯ್ದು ಒಣಗಲಿ ಅಂತ ಹೊಲದಲ್ಲೇ ಅರಿ ಬಿಟ್ಟಿದ್ದ. ತೆನೆ ನೆನೆದು ನಿಂತಲ್ಲೇ ಮೊಳಕೆ ಬರೋಕೆ ಶುರುವಾಯ್ತು.

ಅವನು ಬೆಳೆ ವಿಮೆ ಕಟ್ಟಿದ್ದ. ರಸೀದಿ ಬೀರುವಿನಲ್ಲೇ ಇತ್ತು. ಆದರೆ ಅದನ್ನು ತೆಗೆಯಲಿಲ್ಲ. ಮೊಬೈಲ್‌ನಲ್ಲಿ 'ಬೆಳೆ ವಿಮೆ ಕಸ್ಟಮರ್ ಕೇರ್ ನಂಬರ್' ಅಂತ ಹುಡುಕಿ, ಎಲ್ಲಕ್ಕಿಂತ ಮೇಲೆ ಬಂದ ನಂಬರಿಗೆ ಫೋನ್ ಹಚ್ಚಿದ. ಆ ಕಡೆಯವನು ಬಹಳ ಮರ್ಯಾದೆಯಿಂದ ಮಾತಾಡಿದನಂತೆ. ಊರು, ಸರ್ವೆ ನಂಬರ್ ಎಲ್ಲ ಕೇಳಿ ಬರೆದುಕೊಂಡನಂತೆ. ಕೊನೆಗೆ "ದೂರು ನೋಂದಣಿಗೆ 10 ರೂಪಾಯಿ ಫೀ ಇದೆ, ಲಿಂಕ್ ಕಳಿಸ್ತೀನಿ, ಆಪ್ ಹಾಕ್ಕೊಳ್ಳಿ" ಅಂದ. 10 ರೂಪಾಯಿ ತಾನೇ ಅಂತ ಇವನು ಹಾಕಿಕೊಂಡ. ಸಂಜೆಯೊಳಗೆ ಖಾತೆಯಲ್ಲಿದ್ದ ಎರಡು ಬಟವಾಡೆಯ ಹಾಲಿನ ದುಡ್ಡು ಮಾಯ. ಮುಂದಿನ ಎರಡು ದಿನ ಬ್ಯಾಂಕು, ಪೊಲೀಸ್ ಠಾಣೆ ಅಂತ ಅಲೆದ. ನನ್ನ ಹತ್ತಿರ ಬಂದಾಗ ಐದನೇ ದಿನ. ನಷ್ಟದ ಮಾಹಿತಿ ಕೊಡಬೇಕಾದ 72 ಗಂಟೆ ಅಷ್ಟೊತ್ತಿಗೆ ಮುಗಿದಿತ್ತು.

ಅವನು ಕಳಕೊಂಡಿದ್ದು ಎರಡು. ದುಡ್ಡು ಕಳ್ಳನಿಗೆ ಹೋಯ್ತು, ಪರಿಹಾರ ಗಡಿಯಾರಕ್ಕೆ ಹೋಯ್ತು. ಅವನು ದಡ್ಡ ಅಲ್ಲ. ನಮ್ಮೂರಿನ ಅರ್ಧ ಜನಕ್ಕೆ ಆನ್‌ಲೈನ್ ಅರ್ಜಿ ಹಾಕಿಕೊಡೋನೇ ಅವನು. ಗಾಬರಿಯಲ್ಲಿ ನಂಬರ್ ಹುಡುಕಿದ, ಅಷ್ಟೇ. ಹಾಗಾಗಿ ಈ ವಾರ ಬೆಳೆ, ಗೊಬ್ಬರ, ರೋಗದ ಮಾತು ಬಿಟ್ಟು ಫೋನ್ ನಂಬರಿನ ಬಗ್ಗೆ ಬರೀತಿದ್ದೀನಿ.

ಮೂರು ಥರದ ನಂಬರ್ ಇರ್ತವೆ

ಸರ್ಕಾರಿ ಸಹಾಯವಾಣಿ ಅಂದ್ರೆ ಎಲ್ಲಾ ಒಂದೇ ಅಂತ ನಾವು ತಿಳ್ಕೊಂಡಿದ್ದೀವಿ. ಹಾಗಿಲ್ಲ. ಕೆಲವು ಸಲಹೆ ಕೊಡ್ತವೆ, ಕೆಲವು ದೂರು ಬರೆದುಕೊಳ್ತವೆ, ಕೆಲವು ಗಾಡಿ ಕಳಿಸ್ತವೆ. ಸಲಹೆಯ ನಂಬರಿಗೆ ದೂರು ಹೇಳಿ "ಏನೂ ಮಾಡಲಿಲ್ಲ" ಅಂತ ಬೈಯೋದರಲ್ಲಿ ಅರ್ಥ ಇಲ್ಲ.

ಸಲಹೆಗೆ ಎಲ್ಲರಿಗೂ ಗೊತ್ತಿರಬೇಕಾದ್ದು ಕಿಸಾನ್ ಕಾಲ್ ಸೆಂಟರ್, 1800-180-1551. 2004ರ ಜನವರಿ 21ರಿಂದ ನಡೀತಿದೆ. ಬೆಳಗ್ಗೆ 6ರಿಂದ ರಾತ್ರಿ 10ರವರೆಗೆ, ಭಾನುವಾರವೂ ಸೇರಿ. ಕರೆ ಉಚಿತ, ಕನ್ನಡದಲ್ಲೇ ಮಾತಾಡಬಹುದು. ಫೋನ್ ಎತ್ತೋರು ಕೃಷಿ, ತೋಟಗಾರಿಕೆ ಓದಿದವರು. ಅವರಿಗೆ ತಿಳಿಯದ ಪ್ರಶ್ನೆ ಆದರೆ ಮೇಲಿನ ತಜ್ಞರಿಗೆ ದಾಟಿಸ್ತಾರೆ. ಮೆಣಸಿನಕಾಯಿ ಎಲೆ ಮುದುಡ್ತಿದೆ, ಜೋಳಕ್ಕೆ ಸೈನಿಕ ಹುಳು ಬಿದ್ದಿದೆ, ಯಾವ ಔಷಧಿ ಎಷ್ಟು ಮಿಲಿ ಅಂತ ಕೇಳೋಕೆ ಇದು ಒಳ್ಳೇ ಜಾಗ. ಅಂಗಡಿಯವನು ಕೊಟ್ಟಿದ್ದನ್ನ ತಂದು ಹೊಡೆಯೋ ಮುಂಚೆ ಒಂದು ಫೋನ್ ಮಾಡಿ ನೋಡಿ. ಆದರೆ ಅವರ ಮುಂದೆ ನಿಮ್ಮ ಫೈಲ್ ಇರೋದಿಲ್ಲ. ನಿಮ್ಮ ಸಬ್ಸಿಡಿ ಯಾಕೆ ಬಂದಿಲ್ಲ, ಪಹಣಿಯಲ್ಲಿ ಹೆಸರು ಯಾಕೆ ತಪ್ಪಾಗಿದೆ ಅಂತ ಅವರು ತೆರೆದು ನೋಡಲಾರರು.

ಮಳೆಯ ವಿಷಯಕ್ಕೆ ನಮ್ಮ ರಾಜ್ಯದ್ದೇ 'ವರುಣ ಮಿತ್ರ' ಇದೆ, 92433 45433. ಯಲಹಂಕದಲ್ಲಿರುವ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರದವರು ನಡೆಸೋದು. ಅವರ ಮಳೆಮಾಪಕ ಗ್ರಾಮ ಪಂಚಾಯ್ತಿ ಮಟ್ಟದಲ್ಲಿವೆ. ಹಾಗಾಗಿ ಟಿವಿಯಲ್ಲಿ "ದಕ್ಷಿಣ ಒಳನಾಡಿನಲ್ಲಿ ಅಲ್ಲಲ್ಲಿ ಮಳೆ" ಅನ್ನೋದಕ್ಕಿಂತ ಹತ್ತಿರದ ಮಾತು ಸಿಗುತ್ತೆ. ಕೊಯ್ಲಿಗೆ ಆಳು ಹೇಳೋ ಮುಂಚೆ ಈ ನಂಬರಿಗೆ ಫೋನ್ ಮಾಡೋದು ಒಳ್ಳೇ ಅಭ್ಯಾಸ.

ಯೋಜನೆಯ ಹೆಸರು ಹಿಡಿದು ಹೋಗಬೇಡಿ

ಈಗ ಮುಖ್ಯ ವಿಷಯಕ್ಕೆ ಬರೋಣ. ನಾವು ನಂಬರ್ ಹುಡುಕೋದು ಯೋಜನೆಯ ಹೆಸರಿನಿಂದ. ಹುಡುಕಬೇಕಾದ್ದು, ನನ್ನ ಕೆಲಸ ಈಗ ಯಾರ ಟೇಬಲ್ ಮೇಲೆ ನಿಂತಿದೆ ಅನ್ನೋದರಿಂದ.

ಪಿಎಂ ಕಿಸಾನ್ ಉದಾಹರಣೆ ತಗೊಳ್ಳಿ. ವರ್ಷಕ್ಕೆ 6,000 ರೂಪಾಯಿ, 2,000ದಂತೆ ಮೂರು ಕಂತು. ಕಂತು ಬರಲಿಲ್ಲ ಅಂದ ತಕ್ಷಣ ಎಲ್ಲರೂ ಸಹಾಯವಾಣಿ 155261ಕ್ಕೆ ಫೋನ್ ಮಾಡ್ತಾರೆ. ಲೈನ್ ಸಿಗೋಲ್ಲ, ಸಿಕ್ಕರೆ "ನಿಮ್ಮ ಸ್ಟೇಟಸ್ ನೋಡಿ" ಅಂತಾರೆ. ಸರಿ, ಮೊದಲು ಸ್ಟೇಟಸ್ಸೇ ನೋಡಿ. ಪಿಎಂ ಕಿಸಾನ್ ವೆಬ್‌ಸೈಟಿನಲ್ಲಿ ನಿಮ್ಮ ನೋಂದಣಿ ಸಂಖ್ಯೆ ಹಾಕಿದರೆ ಮೂರು ವಿಷಯ ಕಾಣುತ್ತೆ: ಜಮೀನಿನ ಜೋಡಣೆ, ಇ-ಕೆವೈಸಿ, ಬ್ಯಾಂಕ್ ಖಾತೆಗೆ ಆಧಾರ್ ಜೋಡಣೆ. ಯಾವುದರ ಮುಂದೆ 'ನೋ' ಅಂತಿದೆ ನೋಡಿಕೊಳ್ಳಿ.

ಜಮೀನಿನ ಮುಂದೆ 'ನೋ' ಇದ್ದರೆ ದೆಹಲಿಗೆ ಎಷ್ಟು ಸಲ ಫೋನ್ ಮಾಡಿದರೂ ಅಷ್ಟೇ. ಅದು ಸರಿಯಾಗೋದು ನಿಮ್ಮ ಹೋಬಳಿಯ ರೈತ ಸಂಪರ್ಕ ಕೇಂದ್ರದಲ್ಲಿ, ಪಹಣಿಯನ್ನು ಫ್ರೂಟ್ಸ್ ಐಡಿಗೆ ಸೇರಿಸಿದಾಗ. ಬ್ಯಾಂಕ್ ಜೋಡಣೆ ಮುಂದೆ 'ನೋ' ಇದ್ದರೆ ಅದು ನಿಮ್ಮ ಬ್ಯಾಂಕ್ ಶಾಖೆಯ ಕೆಲಸ, ಕೃಷಿ ಇಲಾಖೆಯವರ ಮೇಲೆ ರೇಗಬೇಡಿ. ಇ-ಕೆವೈಸಿ ನೀವೇ ಮೊಬೈಲ್‌ನಲ್ಲಿ ಮಾಡಬಹುದು. ಆಧಾರ್‌ಗೆ ಹಳೇ ಮೊಬೈಲ್ ನಂಬರ್ ಇದ್ದು ಓಟಿಪಿ ಬರ್ತಿಲ್ಲ ಅಂದರೆ ಅದು ಆಧಾರ್ ಕೇಂದ್ರದ ಕೆಲಸ, ಅವರ ಸಹಾಯವಾಣಿ 1947. ಸ್ವಾತಂತ್ರ್ಯ ಬಂದ ವರ್ಷ, ಮರೆಯೋ ಹಾಗೇ ಇಲ್ಲ. ಮೂರೂ 'ಯೆಸ್' ಇದ್ದು ಕಂತು ಬಂದಿಲ್ಲ ಅಂದಾಗ ಮಾತ್ರ 155261.

ನೋಡಿ, ಒಂದೇ ಯೋಜನೆ, ನಾಲ್ಕು ಬಾಗಿಲು. ಎಲ್ಲಾ ಯೋಜನೆಯೂ ಹೀಗೇ.

ಬೆಳೆ ವಿಮೆ: 72 ಗಂಟೆಯ ಲೆಕ್ಕ

ವಿಮೆಯ ವಿಷಯದಲ್ಲಿ ನಂಬರ್ ತಪ್ಪಿದರೆ ಅದರ ಬೆಲೆ ದೊಡ್ಡದು. ಅದಕ್ಕೇ ಸ್ವಲ್ಪ ಬಿಡಿಸಿ ಹೇಳ್ತೀನಿ.

ಮುಂಗಾರು ಆಹಾರ ಬೆಳೆಗೆ ವಿಮಾ ಮೊತ್ತದ ಶೇ. 2, ಹಿಂಗಾರಿಗೆ ಶೇ. 1.5, ವಾಣಿಜ್ಯ ಮತ್ತು ತೋಟಗಾರಿಕೆ ಬೆಳೆಗೆ ಶೇ. 5 ನಾವು ಕಟ್ಟೋ ಕಂತು. ಪರಿಹಾರ ಬರೋ ದಾರಿ ಮಾತ್ರ ಒಂದಲ್ಲ. ಇಡೀ ಪಂಚಾಯ್ತಿಗೆ ಮಳೆ ಕೈಕೊಟ್ಟು ಇಳುವರಿ ಬಿದ್ದರೆ ನೀವು ಯಾರಿಗೂ ಫೋನ್ ಮಾಡಬೇಕಿಲ್ಲ. ಬೆಳೆ ಕಟಾವು ಪ್ರಯೋಗ ಮಾಡಿ ಸರಾಸರಿ ಇಳುವರಿ ಲೆಕ್ಕ ಹಾಕಿ ಅವರೇ ತೀರ್ಮಾನ ಮಾಡ್ತಾರೆ. ಆದರೆ ನಿಮ್ಮ ಹೊಲಕ್ಕೆ ಮಾತ್ರ ಆಲಿಕಲ್ಲು ಬಿತ್ತು, ನೀರು ನುಗ್ಗಿ ನಿಂತಿತು, ಭೂಕುಸಿತ ಆಯ್ತು, ಸಿಡಿಲಿಗೆ ಬೆಂಕಿ ಹತ್ತಿತು ಅಂದರೆ ಹೇಳಬೇಕಾದವರು ನೀವೇ, ಅದೂ 72 ಗಂಟೆಯೊಳಗೆ. ಕೊಯ್ದು ಹೊಲದಲ್ಲಿ ಒಣಗಲು ಹರಡಿದ ಅಥವಾ ಸಣ್ಣ ಕಟ್ಟು ಕಟ್ಟಿಟ್ಟ ಬೆಳೆ ಅಕಾಲ ಮಳೆಗೆ ಹಾಳಾದರೂ ಇದೇ ನಿಯಮ, ಕೊಯ್ದ ದಿನದಿಂದ 14 ದಿನದವರೆಗೆ. ಕಣಕ್ಕೆ ಸಾಗಿಸಿ ಬಣವೆ ಒಟ್ಟಿದ ಮೇಲೆ ಇದು ಸಿಗೋದಿಲ್ಲ. ನಮ್ಮ ಹುಡುಗನ ರಾಗಿ ಹೊಲದಲ್ಲೇ ಅರಿಯಲ್ಲಿತ್ತು, ಕೇಳೋ ಹಕ್ಕು ಪೂರ್ತಿ ಇತ್ತು.

ಯಾರಿಗೆ ಹೇಳಬೇಕು? 14447. ಇದು ಕೃಷಿ ರಕ್ಷಕ ಸಹಾಯವಾಣಿ, ದೇಶಕ್ಕೆಲ್ಲ ಒಂದೇ. ಮುಂಚೆ ಒಂದೊಂದು ವಿಮಾ ಕಂಪನಿಗೆ ಒಂದೊಂದು ನಂಬರ್ ಹುಡುಕಬೇಕಿತ್ತು. ಕಂಪನಿಗಳನ್ನು ಜಿಲ್ಲೆವಾರು ಟೆಂಡರ್‌ನಲ್ಲಿ ಗೊತ್ತು ಮಾಡ್ತಾರೆ. ನಿಮ್ಮ ಮಾವನ ಜಿಲ್ಲೆಯ ಕಂಪನಿ ನಿಮ್ಮ ಜಿಲ್ಲೆಯದ್ದು ಆಗಿರಬೇಕಿಲ್ಲ, ಹಿಂದಿನ ಸಲದ್ದೇ ಈ ಸಲವೂ ಇರಬೇಕಿಲ್ಲ. ವಾಟ್ಸಾಪ್‌ನಲ್ಲಿ ಸುತ್ತುವ ಹಳೇ ಪಟ್ಟಿ ನಂಬಿ ಕೆಟ್ಟವರನ್ನು ನಾನು ನೋಡಿದ್ದೀನಿ. 14447 ಸಿಗದೇ ಇದ್ದರೆ ಕಾಯುತ್ತಾ ಕೂರಬೇಡಿ. ಬೆಳೆ ವಿಮೆಯ ಅಧಿಕೃತ ಆಪ್‌ನಲ್ಲಿ ದಾಖಲಿಸಿ, ಇಲ್ಲವೇ ಕಂತು ಕಟ್ಟಿದ ಬ್ಯಾಂಕಿಗೋ ರೈತ ಸಂಪರ್ಕ ಕೇಂದ್ರಕ್ಕೋ ಹೋಗಿ ಬರಹದಲ್ಲಿ ಕೊಟ್ಟು, ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ.

ಫೋನ್ ಮಾಡುವಾಗ ಕೈಯಲ್ಲಿ ಇರಬೇಕಾದ್ದು ವಿಮೆ ರಸೀದಿಯ ಅರ್ಜಿ ಸಂಖ್ಯೆ, ಸರ್ವೆ ನಂಬರ್, ಬೆಳೆ ಹೆಸರು, ನಷ್ಟ ಆದ ತಾರೀಖು, ಕೊಯ್ದ ತಾರೀಖು. ಆ ರಸೀದಿಯ ಫೋಟೊ ಇವತ್ತೇ ತೆಗೆದು ಫೋನಲ್ಲಿ ಇಟ್ಟುಕೊಳ್ಳಿ. ಮಳೆ ಬಿದ್ದ ರಾತ್ರಿ ಕರೆಂಟ್ ಇಲ್ಲದ ಮನೆಯಲ್ಲಿ ಬೀರು ತಡಕಾಡೋ ಪರಿಸ್ಥಿತಿ ಬೇಡ.

ಕರೆಂಟ್: ನನ್ನದೇ ಒಂದು ಕಥೆ

ಬೆಸ್ಕಾಂ, ಮೆಸ್ಕಾಂ, ಹೆಸ್ಕಾಂ, ಜೆಸ್ಕಾಂ, ಚಾಮುಂಡೇಶ್ವರಿ ಐದಕ್ಕೂ ನಂಬರ್ ಒಂದೇ, 1912. ತಂತಿ ಹರಿದು ಬಿದ್ದಿದ್ದರೆ ಮೊದಲ ಫೋನ್ ಇದಕ್ಕೆ. ಹತ್ತಿರ ಯಾರೂ ಹೋಗದ ಹಾಗೆ, ದನ ಬಿಡದ ಹಾಗೆ ಒಬ್ಬರನ್ನು ನಿಲ್ಲಿಸಿ ಆಮೇಲೆ ಮಾತಾಡಿ.

ಒಂದು ಬೇಸಿಗೆಯಲ್ಲಿ ನಮ್ಮ ಟಿಸಿ ಸುಟ್ಟಿತು. ಬಾಳೆ ತೋಟ, ನೀರಿಲ್ಲದೆ ಮೂರು ದಿನ ಆದರೆ ಗೊನೆ ಸೊರಗುತ್ತೆ. ಆಫೀಸಿನ ಗೋಡೆ ಮೇಲೆ ಬರೆದಿದ್ದ ಅಧಿಕಾರಿಯ ನಂಬರ್ ನನ್ನ ಹತ್ತಿರ ಇತ್ತು. ಎರಡು ದಿನ ಅದಕ್ಕೇ ಫೋನ್ ಮಾಡಿದೆ. ಎತ್ತಲಿಲ್ಲ. ಮೂರನೇ ದಿನ ಎತ್ತಿದ ಪುಣ್ಯಾತ್ಮರು, "ನಾನು ವರ್ಗ ಆಗಿ ಒಂದೂವರೆ ವರ್ಷ ಆಯ್ತಪ್ಪ" ಅಂದರು. ಅದು ಅವರ ಸ್ವಂತ ನಂಬರ್! ಆಮೇಲೆ 1912ಕ್ಕೆ ಹೇಳಿದೆ. ಅವರು ಮೊದಲು ಕೇಳಿದ್ದು ಆರ್‌ಆರ್ ನಂಬರ್. ನನಗೆ ಗೊತ್ತಿರಲಿಲ್ಲ.

ಎಷ್ಟೋ ರೈತರಿಗೆ ಗೊತ್ತಿರೋಲ್ಲ. 10 ಎಚ್‌ಪಿವರೆಗಿನ ಪಂಪ್‌ಸೆಟ್‌ಗೆ ಕರೆಂಟ್ ಉಚಿತ, ಮನೆ ಬಿಲ್ಲಿನ ಹಾಗೆ ತಿಂಗಳಿಗೊಂದು ಸಲ ಕೈಗೆ ಬಂದು ಆ ನಂಬರ್ ಕಣ್ಣಿಗೆ ಬೀಳೋದಿಲ್ಲ. ಸಂಪರ್ಕ ಕೊಟ್ಟಾಗಿನ ಮಂಜೂರಾತಿ ಪತ್ರದಲ್ಲಿ ಇರುತ್ತೆ. ಸಿಗದಿದ್ದರೆ ಸೆಕ್ಷನ್ ಆಫೀಸಿನಲ್ಲಿ ಅಪ್ಪನ ಅಥವಾ ತಾತನ ಹೆಸರು ಹೇಳಿ ಕೇಳಿ, ಸಂಪರ್ಕ ಇನ್ನೂ ಅವರ ಹೆಸರಲ್ಲೇ ಇರೋದು ಹೆಚ್ಚು. ಸ್ಟಾರ್ಟರ್ ಡಬ್ಬಿ ಒಳಗಡೆ ಪೇಂಟ್‌ನಲ್ಲಿ ಬರೆದಿಡಿ. ಟಿಸಿ ಕಂಬದ ಮೇಲೆ ಗುರುತು ಸಂಖ್ಯೆ ಬರೆದಿದ್ದರೆ ಅದರ ಫೋಟೊ ಕೂಡ ಇರಲಿ.

ಅವತ್ತಿಂದ ಒಂದು ರೂಢಿ ಮಾಡಿಕೊಂಡಿದ್ದೀನಿ. ಯಾವ ಅಧಿಕಾರಿ ನಂಬರ್ ಕೊಟ್ಟರೂ ಕೇಳ್ತೀನಿ: "ಸರ್, ಇದು ನಿಮ್ಮದಾ, ಆಫೀಸಿನದ್ದಾ?" ಇಲಾಖೆಗಳು ಹುದ್ದೆಗೆ ಅಂತಲೇ ಸಿಮ್ ಕೊಟ್ಟಿರ್ತವೆ. ಅಧಿಕಾರಿ ಬದಲಾದರೂ ಆ ನಂಬರ್ ಕುರ್ಚಿಯ ಜೊತೆ ಉಳಿಯುತ್ತೆ. ನಿಮಗೆ ಬೇಕಾದ್ದು ಕುರ್ಚಿಯ ನಂಬರ್. ಇದನ್ನು ಕೇಳಿದರೆ ಯಾರೂ ಬೇಜಾರು ಮಾಡ್ಕೊಳ್ಳಲ್ಲ.

ದನ, ಬೀಜ, ಆನೆ

ಹಸುವಿಗೆ ಕರು ಅಡ್ಡ ತಿರುಗಿದೆ, ಹೊಟ್ಟೆ ಉಬ್ಬರಿಸಿ ಬಿದ್ದಿದೆ ಅಂದರೆ 1962. ಪಶು ಸಂಜೀವಿನಿ ಗಾಡಿ ಡಾಕ್ಟರ್ ಸಮೇತ ಮನೆ ಬಾಗಿಲಿಗೆ ಬರುತ್ತೆ. ಬರೀ ಮಾಹಿತಿ ಕೇಳಬೇಕು, ಲಸಿಕೆ ಯಾವಾಗ, ಯೋಜನೆ ಏನಿದೆ ಅಂದರೆ ಪಶುಪಾಲನಾ ಸಹಾಯವಾಣಿ 8277 100 200. ಎರಡನ್ನೂ ಬೆರೆಸಬೇಡಿ. ಗಾಡಿ ಇನ್ನೊಂದು ಹೋಬಳಿಯಲ್ಲಿ ಇರಬಹುದು, ಹಾಗಾಗಿ ನಿಮ್ಮ ಪಶು ಆಸ್ಪತ್ರೆಯ ಡಾಕ್ಟರ ನಂಬರ್ ಕೂಡ ಇರಲೇಬೇಕು.

ಬೀಜ ಮೊಳೆಯಲಿಲ್ಲ, ಗೊಬ್ಬರ ಕಲಬೆರಕೆ ಅನ್ನಿಸ್ತು ಅಂದರೆ ಬಹಳ ಜನ ಅಂಗಡಿ ಮುಂದೆ ಜಗಳ ಆಡಿ ಬರ್ತಾರೆ. ಜಗಳದಿಂದ ಸಾಕ್ಷಿ ಹುಟ್ಟೋದಿಲ್ಲ. ಬಿಲ್, ಖಾಲಿ ಪೊಟ್ಟಣ, ಅದರ ಟ್ಯಾಗ್, ಉಳಿದಿದ್ದರೆ ಒಂದು ಹಿಡಿ ಬೀಜ ಎತ್ತಿಟ್ಟುಕೊಂಡು ರೈತ ಸಂಪರ್ಕ ಕೇಂದ್ರದ ಕೃಷಿ ಅಧಿಕಾರಿಗೋ ತಾಲ್ಲೂಕಿನ ಸಹಾಯಕ ಕೃಷಿ ನಿರ್ದೇಶಕರಿಗೋ ಫೋನ್ ಮಾಡಿ. ಮಾದರಿ ತೆಗೆದು ಪ್ರಯೋಗಾಲಯಕ್ಕೆ ಕಳಿಸೋ ಅಧಿಕಾರ ಇಲಾಖೆಯ ಪರಿವೀಕ್ಷಕರಿಗೆ ಇದೆ, ಸಹಾಯವಾಣಿಯಲ್ಲಿ ಕೂತವರಿಗೆ ಇಲ್ಲ. 45 ಕಿಲೋ ಯೂರಿಯಾ ಚೀಲದ ಬೆಲೆ 266 ರೂಪಾಯಿ 50 ಪೈಸೆ, ಚೀಲದ ಮೇಲೇ ಅಚ್ಚಾಗಿರುತ್ತೆ. ಅದಕ್ಕಿಂತ ಹೆಚ್ಚು ಕೇಳಿದರೂ ದೂರು ಅವರಿಗೇ. ಅಂಗಡಿಯವನು ಪರಿಹಾರ ಕೊಡಬೇಕು ಅನ್ನೋ ಹಂತಕ್ಕೆ ಹೋದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915 ದಾರಿ ತೋರಿಸುತ್ತೆ. ಬಿಲ್ ಇಲ್ಲದೆ ಯಾರೂ ಏನೂ ಮಾಡಲಾರರು. ಸಾಲಕ್ಕೆ ತಂದರೂ ಬಿಲ್ ಕೇಳಿ.

ಆನೆ, ಹಂದಿ ನುಗ್ಗಿದರೆ ಅರಣ್ಯ ಸಹಾಯವಾಣಿ 1926. ಮನುಷ್ಯರಿಗೆ ಹಾವು ಕಚ್ಚಿದರೆ 108, ಬೇರೆ ಯಾವ ಆಲೋಚನೆಯೂ ಬೇಡ. ಪೊಲೀಸ್, ಬೆಂಕಿ ಯಾವುದೇ ತುರ್ತಿಗೂ 112. ಹಳ್ಳ ಉಕ್ಕಿ ಊರು ನಡುಗಡ್ಡೆ ಆದರೆ ಜಿಲ್ಲಾ ವಿಕೋಪ ನಿಯಂತ್ರಣ ಕೊಠಡಿ 1077.

ಪಹಣಿ ತಿದ್ದುಪಡಿ, ಖಾತೆ, ಪೋಡಿ ವಿಷಯಕ್ಕೆ ಸಹಾಯವಾಣಿ ಹುಡುಕಿ ಸಮಯ ಕಳೆಯಬೇಡಿ ಅನ್ನೋದು ನನ್ನ ಅಭಿಪ್ರಾಯ. ಫೋನ್‌ನಲ್ಲಿ ಅದು ಆಗೋ ಕೆಲಸ ಅಲ್ಲ. ಅರ್ಜಿ ಕೊಡಬೇಕು, ಸ್ವೀಕೃತಿ ಇಟ್ಟುಕೊಳ್ಳಬೇಕು. ಗ್ರಾಮ ಆಡಳಿತ ಅಧಿಕಾರಿ ಇವತ್ತು ನಾಡಕಚೇರಿಯಲ್ಲಿ ಇದ್ದಾರೋ ಇಲ್ಲವೋ ಅಂತ ಕೇಳಿಕೊಂಡು ಹೊರಡೋಕೆ ಮಾತ್ರ ಫೋನ್ ಸಾಕು. ಬಸ್ ಚಾರ್ಜು ಉಳಿಯುತ್ತೆ.

ನಂಬರ್ ಎಲ್ಲಿಂದ ತಗೋಬೇಕು

ಮೊದಲು ನಿಮ್ಮ ಮನೆಯ ಕಾಗದಗಳಲ್ಲೇ ನೋಡಿ. ವಿಮೆ ರಸೀದಿ, ಬ್ಯಾಂಕ್ ಪಾಸ್‌ಬುಕ್ಕು, ಕರೆಂಟ್ ಬಿಲ್ಲು, ಎಟಿಎಂ ಕಾರ್ಡಿನ ಹಿಂಭಾಗ, ಗೊಬ್ಬರದ ಚೀಲ. ನೀವು ವ್ಯವಹಾರ ಮಾಡುವಾಗ ಅಸಲಿ ಸಂಸ್ಥೆಯೇ ಕೊಟ್ಟ ಕಾಗದ ಅದು. ಯಾವ ಸರ್ಚ್‌ಗಿಂತಲೂ ನಂಬಿಕಸ್ಥ.

ಆಮೇಲೆ ವೆಬ್‌ಸೈಟ್. ನಮ್ಮ ರಾಜ್ಯದ ಪ್ರತಿ ಜಿಲ್ಲೆಗೂ ಜಿಲ್ಲಾಡಳಿತದ ವೆಬ್‌ಸೈಟ್ ಇದೆ, ವಿಳಾಸ 'ಎನ್‌ಐಸಿ ಡಾಟ್ ಇನ್' ಅಂತ ಮುಗಿಯುತ್ತೆ. ಅದರಲ್ಲಿ ಸಹಾಯವಾಣಿ ಪುಟ, ಅಧಿಕಾರಿಗಳ ಪಟ್ಟಿ ಇರ್ತವೆ. ಇಲಾಖೆಗಳದ್ದು 'ಜಿಒವಿ ಡಾಟ್ ಇನ್' ಅಂತ ಮುಗಿಯುತ್ತೆ. 'ಮುಗಿಯುತ್ತೆ' ಅನ್ನೋದನ್ನ ಗಮನಿಸಿ. ಮೋಸದವರು 'ಪಿಎಂಕಿಸಾನ್-ಜಿಒವಿ-ಇನ್ ಡಾಟ್ ಕಾಮ್' ಅಂತ ಮಧ್ಯದಲ್ಲಿ ತುರುಕಿರ್ತಾರೆ. ವಿಳಾಸವನ್ನ ಬಲಗಡೆಯಿಂದ ಓದಿ. ಮೊದಲ ಗೀಟಿಗಿಂತ ಮುಂಚಿನ ಕೊನೆಯ ಎರಡು ತುಂಡು 'ಜಿಒವಿ', 'ಇನ್' ಆಗಿರಬೇಕು.

ಸರ್ಚ್ ಮಾಡಿದಾಗ ಮೇಲೆ ಬರೋದೆಲ್ಲ ಅಧಿಕೃತ ಅಲ್ಲ. ದುಡ್ಡು ಕೊಟ್ಟು ಜಾಹೀರಾತಾಗಿ ಮೇಲೆ ಬರಬಹುದು. ಮ್ಯಾಪ್‌ನಲ್ಲಿ ಕಾಣುವ ಆಫೀಸಿನ ನಂಬರನ್ನೂ ಯಾರು ಬೇಕಾದರೂ 'ತಿದ್ದುಪಡಿ ಸೂಚಿಸಿ' ಅಂತ ಬದಲಾಯಿಸೋಕೆ ಪ್ರಯತ್ನ ಮಾಡಬಹುದು. ಗ್ರಾಹಕ ಸೇವೆ ಅಂತ ಬರೆದು ಹತ್ತು ಅಂಕಿಯ ಮೊಬೈಲ್ ನಂಬರ್ ಕೊಟ್ಟಿದ್ದರೆ ಮೊದಲು ಅನುಮಾನ ಪಡಿ. ಹತ್ತು ಅಂಕಿಯದ್ದೆಲ್ಲ ಸುಳ್ಳು ಅಂತಲ್ಲ, ಮೇಲೆ ಹೇಳಿದ ಪಶುಪಾಲನೆ, ವರುಣ ಮಿತ್ರ ಎರಡೂ ಹತ್ತು ಅಂಕಿಯವೇ. ಇಲಾಖೆಯ ಪುಟದಲ್ಲಿ ಅದು ಇದೆಯಾ ಅಂತ ತಾಳೆ ನೋಡಿದ ಮೇಲೆ ಸೇವ್ ಮಾಡಿ. ಈ ಲೇಖನದ ನಂಬರುಗಳನ್ನೂ ಹಾಗೇ ತಾಳೆ ನೋಡಿ, ನಂಬರ್ ಬದಲಾಗ್ತಾ ಇರ್ತವೆ, ನಾನೇನು ಬೇಜಾರು ಮಾಡ್ಕೊಳ್ಳಲ್ಲ.

ಫೋನ್ ಎತ್ತಿದವರು ಅಸಲಿಯೋ ನಕಲಿಯೋ ತಿಳಿಯೋಕೆ ಅವರ ದನಿ, ಮರ್ಯಾದೆ ನೋಡಬೇಡಿ. ಏನು ಕೇಳ್ತಾರೆ ಅಂತ ನೋಡಿ. ದೂರು ಬರೆದುಕೊಳ್ಳೋಕೆ ಯಾವ ಸರ್ಕಾರಿ ಸಹಾಯವಾಣಿಯೂ ಫೀ ಕೇಳೋದಿಲ್ಲ. ಓಟಿಪಿ, ಯುಪಿಐ ಪಿನ್ ಕೇಳೋದಿಲ್ಲ. ವಾಟ್ಸಾಪ್‌ನಲ್ಲಿ ಎಪಿಕೆ ಫೈಲ್ ಕಳಿಸಿ "ಹಾಕ್ಕೊಳ್ಳಿ" ಅನ್ನೋದಿಲ್ಲ. 'ಪಿಎಂ ಕಿಸಾನ್' ಅಂತ ಹೆಸರಿಟ್ಟ ಎಪಿಕೆ ಗ್ರೂಪಿನಲ್ಲಿ ಬಂದರೆ ಒತ್ತಬೇಡಿ, ಕಳಿಸಿದವನು ನಿಮ್ಮ ಸ್ವಂತ ಚಿಕ್ಕಪ್ಪ ಆಗಿದ್ದರೂ ಸರಿ. ಅವರ ಫೋನೇ ಕಳ್ಳರ ಕೈಗೆ ಸಿಕ್ಕಿರಬಹುದು.

ದುಡ್ಡು ಹೋಗೇಬಿಟ್ಟಿತು ಅಂದರೆ ನಾಚಿಕೆ ಪಡದೆ ಆ ಕ್ಷಣವೇ 1930ಕ್ಕೆ ಫೋನ್ ಮಾಡಿ, ಅದು ಸೈಬರ್ ವಂಚನೆಯ ಸಹಾಯವಾಣಿ. ಬೇಗ ಹೇಳಿದಷ್ಟೂ ದುಡ್ಡು ಮುಂದಿನ ಖಾತೆಗೆ ದಾಟೋ ಮುಂಚೆ ತಡೆಯೋ ಅವಕಾಶ ಜಾಸ್ತಿ. ಜೊತೆಗೇ ನಿಮ್ಮ ಬ್ಯಾಂಕಿಗೂ ತಿಳಿಸಿ. ನಮ್ಮ ಹುಡುಗ ಠಾಣೆಗೆ ಹೋಗಿದ್ದು ಮಾರನೇ ದಿನ ಬೆಳಗ್ಗೆ. 1930 ಅವನಿಗೆ ಗೊತ್ತೇ ಇರಲಿಲ್ಲ.

ಮಾತಾಡೋ ರೀತಿ

ನಾವು ಫೋನ್‌ನಲ್ಲಿ ಕಥೆಯ ಹಿಂದಿನಿಂದ ಶುರು ಮಾಡ್ತೀವಿ. "ಸರ್, ನಮ್ಮ ತಂದೆ ಕಾಲದಿಂದಲೂ..." ಅಂತ. ಆ ಕಡೆ ಕೂತವರ ಹಿಂದೆ ಇನ್ನೆಷ್ಟೋ ಕರೆ ಕಾಯ್ತಿರ್ತವೆ. ಮೊದಲ ವಾಕ್ಯದಲ್ಲೇ ಊರು, ತೊಂದರೆ, ಯಾವಾಗಿಂದ ಅಂತ ಹೇಳಿ. "ಇಂಥ ತಾಲ್ಲೂಕು, ಇಂಥ ಊರು. ಟಿಸಿ ಸುಟ್ಟು ಎರಡು ದಿನ. ಆರ್‌ಆರ್ ನಂಬರ್ ಹೇಳ್ತೀನಿ, ಬರ್ಕೊಳ್ಳಿ." ಇಷ್ಟು ಸಾಕು.

ಫೋನ್ ಇಡೋ ಮುಂಚೆ ಒಂದು ಕೇಳಲೇಬೇಕು: "ದೂರಿನ ಸಂಖ್ಯೆ ಎಷ್ಟು?" ಸಂಖ್ಯೆ ಇಲ್ಲದ ದೂರು ಬರೀ ಮಾತುಕತೆ. ತಾರೀಖು, ಸಮಯ, ಮಾತಾಡಿದವರ ಹೆಸರು ಕೂಡ ಬರೆದಿಡಿ. ಕರೆ ಪಟ್ಟಿಯ ಸ್ಕ್ರೀನ್‌ಶಾಟ್ ಇದ್ದರೆ ಇನ್ನೂ ಒಳ್ಳೇದು, 72 ಗಂಟೆಯೊಳಗೆ ಹೇಳಿದ್ದೆ ಅನ್ನೋಕೆ ಅದೇ ಆಧಾರ.

ಕೆಲಸ ಆಗಲಿಲ್ಲ ಅಂದರೆ ಅದೇ ನಂಬರಿಗೆ ಹತ್ತು ಸಲ ಫೋನ್ ಮಾಡೋ ಬದಲು ಒಂದು ಮೆಟ್ಟಿಲು ಮೇಲೆ ಹೋಗಿ. ಹೋಬಳಿ ಆದಮೇಲೆ ತಾಲ್ಲೂಕು, ಆಮೇಲೆ ಜಿಲ್ಲೆ. ಅಲ್ಲೂ ಆಗದಿದ್ದರೆ ರಾಜ್ಯದ ಜನಸ್ಪಂದನ ಸಹಾಯವಾಣಿ 1902. ಯಾವ ಇಲಾಖೆಯ ದೂರಾದರೂ ಅಲ್ಲಿ ಬರೆದುಕೊಂಡು ಆ ಇಲಾಖೆಗೆ ಕಳಿಸ್ತಾರೆ. ಅಲ್ಲಿ ಮೊದಲ ಪ್ರಶ್ನೆಯೇ "ಕೆಳಗೆ ದೂರು ಕೊಟ್ಟಿದ್ದೀರಾ?" ಅಂತ ಬಂದರೆ, ಬರೆದಿಟ್ಟ ಸಂಖ್ಯೆ ಆಗ ಕೆಲಸಕ್ಕೆ ಬರುತ್ತೆ. ನೇರವಾಗಿ 1902ಕ್ಕೇ ಹೋಗೋದು ನನಗೆ ಸರಿ ಕಾಣಲ್ಲ. ಸುತ್ತಿ ಬಳಸಿ ದೂರು ಮತ್ತೆ ಅದೇ ಹೋಬಳಿ ಟೇಬಲ್ಲಿಗೇ ಬರುತ್ತೆ, ಮಧ್ಯೆ ದಿನ ಹೋಗ್ತವೆ.

ಸೇವ್ ಮಾಡೋದು ಹೇಗೆ

ಸಣ್ಣ ವಿಷಯ, ಆದರೆ ಬಹಳ ಉಪಯೋಗ. ಇಲಾಖೆ ಹೆಸರಲ್ಲಿ ಸೇವ್ ಮಾಡಬೇಡಿ, ತೊಂದರೆಯ ಹೆಸರಲ್ಲಿ ಮಾಡಿ. 'ಕರೆಂಟ್ ಹೋದ್ರೆ', 'ಹಸುಗೆ ಹುಷಾರಿಲ್ಲ', 'ಬೆಳೆ ಹಾಳಾದ್ರೆ', 'ದುಡ್ಡು ಕದ್ದರೆ', 'ಮಳೆ ಬರುತ್ತಾ'. ಗಾಬರಿಯಲ್ಲಿ ಕೃಷಿ ರಕ್ಷಕ ಅನ್ನೋ ಹೆಸರು ಯಾರಿಗೂ ನೆನಪಾಗಲ್ಲ. ನಿಮ್ಮ ಫೋನಿನಲ್ಲಿ ಮಾತ್ರ ಇದ್ದರೆ ಸಾಲದು. ನೀವು ಸಂತೆಗೆ ಹೋದಾಗಲೇ ಹಸು ಬೀಳೋದು. ಅಮ್ಮನ ಕೀಪ್ಯಾಡ್ ಫೋನಿಗೂ ಹಾಕಿ ಕೊಡಿ, ಅವರಿಗೆ ಓದೋಕೆ ಕಷ್ಟ ಆದರೆ ಕೊಟ್ಟಿಗೆ ಬಾಗಿಲ ಮೇಲೆ ಸೀಮೆಸುಣ್ಣದಲ್ಲಿ 1962 ಅಂತ ದಪ್ಪಗೆ ಬರೆಯಿರಿ.

ಹೋದ ಸಲ ರಾಗಿ ಕೊಯ್ಲಿಗೆ ಮುಂಚೆ ಆ ಹುಡುಗ ವರುಣ ಮಿತ್ರಕ್ಕೆ ಫೋನ್ ಮಾಡಿದ್ದನಂತೆ. ಮಳೆ ಇದೆ ಅಂದರು, ಆಳುಗಳಿಗೆ ಆರು ದಿನ ಬಿಟ್ಟು ಬನ್ನಿ ಅಂದ. ಅವರ ಪಂಚಾಯ್ತಿ ಕಟ್ಟೆಯ ಗೋಡೆ ಮೇಲೆ ಈಗ ಅವನ ಕೈಬರಹದ ನಂಬರ್ ಪಟ್ಟಿ ಇದೆ, ಎಲ್ಲಕ್ಕಿಂತ ಮೇಲೆ 14447, ಅದರ ಕೆಳಗೆ 1930. ಪಕ್ಕದಲ್ಲಿ ತಾಳೆ ನೋಡಿದ ತಾರೀಖು ಬರೆದಿದ್ದಾನೆ.